ಇಲೋನಾ ಆಂಟಿಯ ಹನ್ನೊಂದು ನಿಮಿಷ

ಈರುಳ್ಳಿ ಹುರಿದು, ಒಲೆ ಆರಿಸಿ, ಆ ಬಿಸಿಯಲ್ಲೇ ಬ್ಯಾಡಗಿ ಮೆಣಸಿನಪುಡಿ ಉದುರಿಸಿದರೆ ಒಂದು ಸಿಹಿ ಘಾಟು ಏಳುತ್ತದೆ. ಆ ವಾಸನೆ ಬಂದರೆ ಸಾಕು, ನಾನು ದುಬೈನ ನೈಫ್ ಬಡಾವಣೆಯಲ್ಲಿದ್ದ ನಮ್ಮ ಮೂರನೇ ಮಹಡಿಯ ಫ್ಲ್ಯಾಟಿನಲ್ಲಿರುತ್ತೇನೆ. ಪುಡಿಯನ್ನು ಹಾಗೆ ಹಾಕಲು ಅವ್ವನಿಗೆ ಕಲಿಸಿದವರು ಹಂಗೇರಿಯ ಇಲೋನಾ ಆಂಟಿ. ಹುಬ್ಬಳ್ಳಿಯಿಂದ ಬರುತ್ತಿದ್ದ ನಮ್ಮ ಪುಡಿಗೂ ತಮ್ಮೂರಿನದರಂತೆ ಬಣ್ಣ ಹೆಚ್ಚು, ಖಾರ ಕಡಿಮೆ ಎಂದು ಅವರಿಗೆ ಬಹಳ ಹಿಗ್ಗು. ಎರಡು ಕೋಣೆಯ ಆ ಮನೆಯಲ್ಲಿ ಒಂದರಲ್ಲಿ ಅಪ್ಪ, ಅವ್ವ, ನಾನು ಮೂವರು, ಇನ್ನೊಂದರಲ್ಲಿ ಅವರು. ಹಾಗೆ ಹಂಚಿಕೊಳ್ಳದೆ ಅಲ್ಲಿ ಬದುಕುವುದು ನಮ್ಮಂಥವರಿಗೆ ಆಗುತ್ತಿರಲಿಲ್ಲ, ಹಂಚಿಕೊಳ್ಳಲು ಪರವಾನಗಿಯೂ ಇರಲಿಲ್ಲ. ತಪಾಸಣೆಯವರು ಬಂದರೆ ಎಲ್ಲರೂ ಬೀದಿಗೆ. ಅದಕ್ಕೇ ಅವ್ವ ಆಸ್ಪತ್ರೆಯ ಡ್ಯೂಟಿಗೆ ಹೋಗುವಾಗ ದಿನವೂ ನನಗೆ ಹೇಳುತ್ತಿದ್ದಳು: "ಯಾರರೆ ಬಂದು ಕೇಳಿದ್ರ, ನಾವು ಮೂರೇ ಮಂದಿ ಅದೀವಿ ಅನ್ನು. ಬ್ಯಾರೆ ಮಾತು ಬ್ಯಾಡ." ಎಂಟು ವರ್ಷದ ನನಗೆ ಅದು ಮಗ್ಗಿಯಂತೆ ಬಾಯಿಪಾಠವಾಗಿತ್ತು.

ಆಂಟಿ ಹತ್ತೊಂಬತ್ತನೇ ವಯಸ್ಸಿನಲ್ಲಿ ಬುಡಾಪೆಸ್ಟಿನಲ್ಲಿ ಎರಡು ಸಿನಿಮಾಗಳಲ್ಲಿ ನಟಿಸಿದ್ದರು. ಮೊದಲನೆಯದರಲ್ಲಿ ಬ್ರೆಡ್ ಮಾರುವ ಹುಡುಗಿ, ಎರಡನೆಯದರಲ್ಲಿ ನಾಯಕನ ತಂಗಿ. ಎಲ್ಲ ಸೇರಿ ಹನ್ನೊಂದು ನಿಮಿಷ ಎಂದು ಅವರೇ ನಗುತ್ತಾ ಲೆಕ್ಕ ಕೊಡುತ್ತಿದ್ದರು. ಆಮೇಲೆ ಯಾರೂ ಕರೆಯಲಿಲ್ಲ. ಮದುವೆ ಮುರಿಯಿತು, ದುಬೈನ ಹೋಟೆಲೊಂದರ ಬ್ಯೂಟಿ ಪಾರ್ಲರಿನಲ್ಲಿ ವರ್ಷಗಳು ಸವೆದವು, ಕೊನೆಗೆ ಆ ಕೆಲಸವೂ ಹೋಯಿತು. ಅಪ್ಪ ಅವರನ್ನು "ನಮ್ಮ ಮನಿ ಹೀರೋಯಿನ್" ಎಂದು ಕಾಡಿಸುತ್ತಿದ್ದ. ಅವರ ವೀಸಾ ಮುಗಿಯಲು ಒಂದು ವಾರವಿದ್ದಾಗ ಅಬುಧಾಬಿಯ ಶೂಟಿಂಗೊಂದರಿಂದ ಕರೆ ಬಂತು. ಅಜ್ಜಿಯ ಪಾತ್ರ. ಒಪ್ಪಿಗೆಯಾದರೆ ವೀಸಾವನ್ನೂ ಕಂಪನಿಯೇ ಮಾಡಿಸುವುದಾಗಿ ಹೇಳಿತ್ತು. ಊರಿನಲ್ಲಿ ಅವರಿಗೆ ಮನೆಯೂ ಇರಲಿಲ್ಲ, ಜನರೂ ಇರಲಿಲ್ಲ.

ಆ ದಿನ ಶಾಲೆಗೆ ರಜೆ. ಅಪ್ಪ ಅವ್ವ ಕೆಲಸಕ್ಕೆ ಹೋಗಿದ್ದರು, ಆಂಟಿ ಸ್ನಾನಕ್ಕಿಳಿದಿದ್ದರು. ಅವರನ್ನು ಕರೆದೊಯ್ಯಲು ಶೂಟಿಂಗಿನವರ ಕಾರು ಹೇಳಿದ ಹೊತ್ತಿಗಿಂತ ಮೊದಲೇ ಬಂದಿತ್ತಂತೆ, ಅದು ನನಗೇನು ಗೊತ್ತು? ಕರೆಗಂಟೆಯಾಯಿತು. ಕೊರಳಲ್ಲಿ ಕಾರ್ಡು, ಕೈಯಲ್ಲಿ ಫೈಲು ಹಿಡಿದವನೊಬ್ಬ, "ಮೇಡಂ ಇಲೋನಾ ಇಲ್ಲೇ ಇರೋದಾ?" ಎಂದು ಹಿಂದಿಯಲ್ಲಿ ಕೇಳಿದ. ತಪಾಸಣೆಯವನೇ ಎಂದುಕೊಂಡೆ. "ಇಲ್ಲ. ನಾವು ಮೂರೇ ಜನ" ಎಂದು ಬಾಗಿಲು ಹಾಕಿಕೊಂಡೆ. ಆಂಟಿಯ ಕೋಣೆಯಲ್ಲಿ ಮೊಬೈಲು ಬಡಿದುಕೊಂಡು ಸುಮ್ಮನಾಯಿತು.

ತುಟಿಗೆ ಬಣ್ಣ ಹಚ್ಚಿ, ನೀಲಿ ಫ್ರಾಕು ತೊಟ್ಟು ಕುಳಿತವರಿಗೆ ಮತ್ತೆ ಫೋನು ಬಂದಾಗ ಮಧ್ಯಾಹ್ನವಾಗಿತ್ತು. ಕೇಳುತ್ತಾ ಕೇಳುತ್ತಾ ಅವರು ನನ್ನ ಕಡೆ ತಿರುಗಿದರು. ಇಲ್ಲೇ ಇದ್ದೇನೆ, ಮಗು ತಿಳಿಯದೆ ಇಲ್ಲ ಎಂದಿತು ಎಂದು ಅವರು ಒಂದು ಮಾತು ಹೇಳಬಹುದಿತ್ತು. "ಹೌದು, ನಾನೇ ತಪ್ಪು ವಿಳಾಸ ಕೊಟ್ಟೆ" ಎಂದರು ಇಂಗ್ಲಿಷಿನಲ್ಲಿ. ಪಾತ್ರ ಅಷ್ಟರಲ್ಲಿ ಬೇರೊಬ್ಬರಿಗೆ ಹೋಗಿತ್ತು. ಅವರು ಫೋನಿಟ್ಟು ತುಟಿಯ ಬಣ್ಣ ಒರೆಸಿಕೊಂಡರು. ನಾನು ಅಡುಗೆಮನೆಯ ಬಾಗಿಲ ಹಿಂದೆ ನಿಂತು ಉಗುರು ಕಚ್ಚಿದೆ.

ಸಂಜೆ ಅವ್ವ ಕೇಳಿದ್ದಕ್ಕೆ, ರೆಡಿಯಾಗುವುದು ತಡವಾಯಿತು ಎಂದಷ್ಟೇ ಹೇಳಿದರು. "ಇಂಥಾ ದಿನಾನೂ ತಡಾ ಮಾಡೂದೇನ್ರಿ ಆಂಟಿ?" ಎಂದು ಅವ್ವ ತನಗೆ ಬಂದ ಹಿಂದಿಯಲ್ಲೂ ಕನ್ನಡದಲ್ಲೂ ಬೈದಳು. ಆಂಟಿ ತಲೆಬಗ್ಗಿಸಿ ಬೈಸಿಕೊಂಡರು.

ವಾರದಲ್ಲಿ ವೀಸಾ ಮುಗಿದು ಅವರು ದುಬೈ ಬಿಟ್ಟು ಹೋದರು. ಎಲ್ಲಿದ್ದರೋ, ಹೇಗಿದ್ದರೋ, ಒಂದು ಸುದ್ದಿಯೂ ಬರಲಿಲ್ಲ. ಅವ್ವ ಸಾಯುವ ತನಕ ಅವರನ್ನು ನೆನೆದಾಗಲೆಲ್ಲ, "ಆಕಿ ಅವತ್ತ ಲಗೂನ ತಯಾರಾಗಿದ್ರ ಇಲ್ಲೇ ಇರತಿದ್ಲು ನೋಡು" ಎಂದು ಮರುಗುತ್ತಿದ್ದಳು. ನಾನು ಪ್ರತಿ ಸಲವೂ ಹೂಂ ಎಂದಿದ್ದೇನೆ.