ಗೀರಿನ ಮೇಲೆ ಬ್ಲೀಚ್

ಮುಖದ ಚರ್ಮಕ್ಕೆ ಕೈಹಚ್ಚಲು ನಾನು ಅರ್ಹಳು ಎಂದು ಹೇಳುವ ಪ್ರಮಾಣಪತ್ರ ನನಗೆ ಎರಡನೇ ಸಲಕ್ಕೆ ಸಿಕ್ಕಿತು. ಮೊದಲ ಸಲ ಫೇಲಾಗಿದ್ದೆ. ನನಗೆ ನಾಚಿಕೆ ಇರುವುದು ಫೇಲಾದದ್ದಕ್ಕಲ್ಲ.

ಒಂದು ವರ್ಷ ಸೊರಬದಿಂದ ಶಿಕಾರಿಪುರಕ್ಕೆ ಬಸ್ಸಿನಲ್ಲಿ ಓಡಾಡಿ, ಖಾಸಗಿ ತರಬೇತಿ ಕೇಂದ್ರವೊಂದರಲ್ಲಿ ಬ್ಯೂಟಿಷಿಯನ್ ಕೋರ್ಸ್ ಮುಗಿಸಿದ್ದೆ. ಪ್ರಾಕ್ಟಿಕಲ್ ಪರೀಕ್ಷೆಗೆ ಮಾಡೆಲ್ಲನ್ನು ನಾವೇ ಕರೆತರಬೇಕು. ಅಂದರೆ ಮುಖ ಕೊಟ್ಟು ಕೂರಲು ಒಬ್ಬ ಹೆಂಗಸು. ಪಕ್ಕದ ಮನೆಯ ಹುಡುಗಿ ಒಪ್ಪಿದ್ದಳು. ಪರೀಕ್ಷೆಯ ದಿನ ಬೆಳಿಗ್ಗೆ ಅವಳ ತಾಯಿ ಬಂದು, "ಭಾನುವಾರ ಗಂಡಿನ ಕಡೆಯೋರು ಬರ್ತಾರೆ ಮಾರಾಯ್ತಿ, ಇವಳ ಮುಖ ಮುಟ್ಟೋದು ಬ್ಯಾಡ" ಎಂದರು. ನನ್ನ ಒಂದು ವರ್ಷದ ವಿದ್ಯೆಯ ಮೇಲೆ ಅವರಿಗಿದ್ದ ನಂಬಿಕೆ ಅಷ್ಟು.

ಅಂಬ್ಲಿಗೊಳ ಜಲಾಶಯದ ಕೆಳಗಿನ ತಮ್ಮ ತವರಿನ ಜಮೀನಿನ ಪಹಣಿ ಕೆಲಸಕ್ಕೆಂದು ಅತ್ತೆ ಅವತ್ತು ಶಿಕಾರಿಪುರಕ್ಕೇ ಹೊರಟಿದ್ದರು. ಬೇರೆ ದಾರಿ ಕಾಣದೆ ಅವರನ್ನೇ ಕೇಳಿದೆ. "ಕೂತ್ಕೊಳ್ಳೋದು ತಾನೆ?" ಎಂದು ಬಂದರು. ಹಿಂದಿನ ದಿನ ಮೆಕ್ಕೆಜೋಳದ ಗರಿ ತಾಗಿ ಅವರ ಎಡಗೆನ್ನೆಯಲ್ಲಿ ಉದ್ದಕ್ಕೆ ಗೀರಾಗಿತ್ತು.

ಪರೀಕ್ಷೆ ಮಾಡಲು ಬಂದ ಮೇಡಂ ಮುಖ ಒಂದು ಬಣ್ಣ, ಕುತ್ತಿಗೆ ಇನ್ನೊಂದು ಬಣ್ಣ. ಅತ್ತೆಯನ್ನು ನೋಡಿದ್ದೇ, "ಯಾರನ್ನ ಕರ್ಕೊಂಡ್ ಬಂದೀರಿ? ಇಂಥ ಮುಖಕ್ಕೆ ಏನ್ ಮಾಡಿದ್ರೂ ರಿಸಲ್ಟ್ ಕಾಣಲ್ಲ" ಎಂದರು.

"ರಿಸಲ್ಟು ನನ್ ಮುಖದ್ದೋ, ಇವಳದ್ದೋ?" ಎಂದು ಅತ್ತೆ ಕೇಳಿದರು.

ಮೇಡಂ ನನ್ನ ಕಡೆ ತಿರುಗಿದರು. ಬ್ಲೀಚ್ ಹಾಕಲು ನನಗೆ ಹೇಳಿದರು.

"ಗೀರಿದೆ ಮೇಡಂ. ಗಾಯದ ಚರ್ಮಕ್ಕೆ ಹಾಕಬಾರದು ಅಂತ ನೋಟ್ಸಲ್ಲೇ ಇದೆ. ಮುಖ ತೊಳೆದು ಮಸಾಜ್ ಮಾಡ್ತೀನಿ."

"ನೋಟ್ಸು ಥಿಯರಿಗೆ. ಇದು ಪ್ರಾಕ್ಟಿಕಲ್."

ಪಕ್ಕದ ಕುರ್ಚಿಗಳಲ್ಲಿ ಎಲ್ಲರೂ ಬ್ಲೀಚ್ ಬಳಿಯುತ್ತಿದ್ದರು. ಮೊದಲು ಕಿವಿಯ ಹಿಂದೆ ಚೂರು ಹಚ್ಚಿ ನೋಡಬೇಕೆಂದು ಒಟ್ಟಿಗೇ ಬರೆದುಕೊಂಡವರು ನಾವು. ಒಬ್ಬರೂ ನೋಡಲಿಲ್ಲ. ಒಬ್ಬಳ ಮಾಡೆಲ್ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಮೇಡಂ ಅವಳ ಗಲ್ಲ ಹಿಡಿದೆತ್ತಿ, "ಗ್ಲೋ ಬಂದಿದೆ" ಎಂದು ಅಂಕ ಬರೆದರು. ಕೆಂಪಗೆ ಸುಟ್ಟದ್ದಕ್ಕೆ ಅವರಿಟ್ಟ ಹೆಸರು ಗ್ಲೋ.

ನಾನು ಹಾಕಲಿಲ್ಲ. ಫೇಲು ಮಾಡಿದರು.

ವಾಪಸು ಬರುವಾಗ ಬಸ್ಸಿನಲ್ಲಿ ಅತ್ತೆ, "ಹಾಕ್ಬಿಡೋದಲ್ವೇನೇ? ಮುಖ ನಂದು. ನಿಂಗೆಂತ ಉರಿ?" ಎಂದರು. ಪಹಣಿ ಕೆಲಸವೂ ಆಗಿರಲಿಲ್ಲ.

ಆರು ತಿಂಗಳು ಸಿಕ್ಕಿದವರ ಮುಂದೆಲ್ಲ ಆ ಮೇಡಂ ಕುತ್ತಿಗೆಯ ಬಣ್ಣವನ್ನು ಆಡಿಕೊಂಡೆ. ಆಮೇಲೆ ಕಾಲೇಜಿನ ಹುಡುಗಿಯೊಬ್ಬಳನ್ನು ಕರೆದುಕೊಂಡು ಮತ್ತೆ ಪರೀಕ್ಷೆಗೆ ಹೋದೆ. ಅದೇ ಮೇಡಂ. ಅವರು ಹೇಳುವ ಮೊದಲೇ ಬ್ಲೀಚ್ ಕಲಸಿ, ಕಿವಿಯ ಹಿಂದೆ ಹಚ್ಚಿ ನೋಡದೆ, ನೇರ ಮುಖಕ್ಕೆ ಬಳಿದೆ.

"ಉರೀತದೆ ಅಕ್ಕ."

"ಎರಡು ನಿಮಿಷ ತಡ್ಕೋ" ಎಂದೆ. ಮೇಡಂ ಮಾತಾಡಿದಂತೆಯೇ ಕೇಳಿಸಿತು.

ಅವಳ ಚರ್ಮ ಗಟ್ಟಿಯಾಗಿತ್ತು, ಏನೂ ಆಗಲಿಲ್ಲ. ನಾನು ಫಸ್ಟ್ ಕ್ಲಾಸಿನಲ್ಲಿ ಪಾಸಾದೆ.

ಆ ಕಾಗದ ತೋರಿಸಿ ಉದ್ದಿಮೆ ಪರವಾನಗಿ ಪಡೆದು ಪಾರ್ಲರ್ ತೆರೆದೆ. ಪರವಾನಗಿಯನ್ನು ವರ್ಷವರ್ಷ ನವೀಕರಿಸಬೇಕು. ಅದಕ್ಕಾಗಿ ತಪಾಸಣೆಗೆ ಬರುವವರು ಗೋಡೆಯ ಮೇಲಿನ ಪ್ರಮಾಣಪತ್ರದ ಫ್ರೇಮು ನೋಡಿ, ನನ್ನ ಕನ್ನಡಿಯಲ್ಲಿ ತಲೆ ಬಾಚಿಕೊಳ್ಳುತ್ತಾರೆ. ಕುದಿಸಿಟ್ಟ ಸಲಕರಣೆಗಳ ಡಬ್ಬಿಯನ್ನು ನಾನಾಗಿಯೇ ತೆರೆದು ತೋರಿಸಿದರೆ, "ಇರ್ಲಿ ಬಿಡ್ರೀ" ಎನ್ನುತ್ತಾರೆ. ಶುದ್ಧವಾಗಿದೆಯೇ ಎಂದು ಇದುವರೆಗೆ ಒಬ್ಬರೂ ಕೇಳಿಲ್ಲ.

ಹೋದ ವಾರ ಮದುವೆಯ ಹುಡುಗಿಯೊಬ್ಬಳನ್ನು ಅವಳ ತಾಯಿ ಕರೆತಂದರು. ಮೊಡವೆ ಚಿವುಟಿ ಕೆನ್ನೆ ಹಸಿಯಾಗಿತ್ತು. ಬ್ಲೀಚ್ ಬೇಕಂತೆ. ಗಾಯ ಒಣಗಲಿ, ಚರ್ಮದ ಡಾಕ್ಟರಿಗೂ ತೋರಿಸಿ ಎಂದೆ.

"ಲೈಸೆನ್ಸ್ ಇಟ್ಕೊಂಡು ಇಷ್ಟೂ ಮಾಡಲ್ವಾ?" ಎಂದು ಆ ತಾಯಿ ಮಗಳ ಕೈ ಹಿಡಿದೆಳೆದುಕೊಂಡು ಎದುರಿನ ಪಾರ್ಲರಿಗೆ ಹೋದರು. ಅಲ್ಲಿ ಇಲ್ಲ ಎನ್ನುವವರು ಯಾರೂ ಇರಲಿಲ್ಲ.