ಎರಡೂ ಕೈ

ಮುಖ ಹುಲ್ಲಿಗೆ ಒತ್ತಿತ್ತು. ಬಾಯಲ್ಲಿ ಮಣ್ಣು. ಏಳಲು ಕೈ ಊರಬೇಕು ಅಂದುಕೊಂಡೆ. ಕೈ ಬರಲಿಲ್ಲ.

ಕಾಲೂ ಬರಲಿಲ್ಲ.

ಅದು ಅಮೆರಿಕದ ಆಸ್ಟಿನ್‌ನಲ್ಲಿ, ನಮ್ಮ ಕಾಲೇಜಿನ ಮೈದಾನ. ಎದುರು ಟೀಮಿನವನು ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಓಡಿ ಬಂದ. ನಾನು ತಲೆ ತಗ್ಗಿಸಿ ನುಗ್ಗಿದೆ. ಇಬ್ಬರೂ ಬಿದ್ದೆವು. ಅವನು ಎದ್ದು ಹೋದ.

ಟ್ರೈನರ್ ಓಡಿ ಬಂದು ನನ್ನ ತಲೆಯನ್ನು ಎರಡೂ ಕಡೆಯಿಂದ ಬಿಗಿಯಾಗಿ ಹಿಡಿದುಕೊಂಡ. ಅಲ್ಲಾಡಬೇಡ ಅಂದ. ಅಲ್ಲಾಡೋಕೆ ಆಗದಿರುವುದೇ ನನ್ನ ತೊಂದರೆ ಅಂತ ಅವನಿಗೆ ಹೇಗೆ ಹೇಳಲಿ? ಐದಾರು ಜನ ಸೇರಿ ದಿಮ್ಮಿ ಉರುಳಿಸುವ ಹಾಗೆ ನನ್ನನ್ನು ಹಲಗೆಯ ಮೇಲೆ ಅಂಗಾತ ಮಾಡಿದರು. ಹೆಲ್ಮೆಟ್ ತೆಗೆಯಲಿಲ್ಲ. ಮುಖದ ಮುಂದಿನ ಕಂಬಿಯ ಸ್ಕ್ರೂ ಮಾತ್ರ ಬಿಚ್ಚಿದರು. ಆ ಕರಕರ ಸದ್ದು ತಲೆಬುರುಡೆಯ ಒಳಗೇ ಆದ ಹಾಗಿತ್ತು. ಉಚ್ಚೆ ಹೋಯಿತೋ ಇಲ್ಲವೋ, ಅದೂ ತಿಳಿಯಲಿಲ್ಲ. ಅಷ್ಟು ಹೆದರಿಕೆ ನನಗೆ ಯಾವತ್ತೂ ಆಗಿರಲಿಲ್ಲ.

ಇಲ್ಲಿಯ ಫುಟ್‌ಬಾಲ್ ಅಂದರೆ ಚೆಂಡು ಕೈಯಲ್ಲಿ ಹಿಡಿದು ಓಡುವ ಆಟ. ಓಡುವವನನ್ನು ಕೆಡವುವವರು ಡಿಫೆನ್ಸ್. ನಾನು ಅದರಲ್ಲಿ ಲೈನ್‌ಬ್ಯಾಕರ್, ಅಂದರೆ ಮುಂದಿನ ಸಾಲಿನ ಹಿಂದೆ ನಿಂತು ನುಗ್ಗುವವನು. ಅಪ್ಪ ಪ್ಲೇನೋದಲ್ಲಿ ಒಂದು ಹೋಟೆಲಿಗೆ ಅಡುಗೆಗೆ ಅಂತ ಬಂದಾಗ ನಾನು ಕನ್ನಡ ಶಾಲೆ ಅರ್ಧಕ್ಕೆ ಬಿಟ್ಟು ಬಂದೆ. ಇಂಗ್ಲಿಷ್ ಶಾಲೆ ತಲೆಗೆ ಹತ್ತಲಿಲ್ಲ. ಕಾಲೇಜಿನವರು ನನ್ನನ್ನು ಸೇರಿಸಿಕೊಂಡದ್ದು ಹೆಗಲು ನೋಡಿ. ಹಬ್ಬದ ಊಟಕ್ಕೆ ಹೋದರೆ ಅಂಕಲ್‌ಗಳೆಲ್ಲ ಏನು ಓದ್ತಿದ್ದೀಯಪ್ಪ ಅಂತ ಕೇಳುವರು. ಓಡೋರನ್ನ ಕೆಡವೋದು ಅಂತಿದ್ದೆ. ನನಗೆ ಬರುತ್ತಿದ್ದದ್ದು ಅದೊಂದೇ. ಚೆನ್ನಾಗಿಯೇ ಬರುತ್ತಿತ್ತು.

ಆಂಬುಲೆನ್ಸ್‌ನಲ್ಲಿ ಕಾಲ್ಬೆರಳಿಗೆ ಬೆಂಕಿ ತಾಗಿದ ಹಾಗಾಯಿತು. ಉರಿ ತಡೆಯಲಾರದೆ ಅಳುತ್ತಿದ್ದೇನೆ ಅಂದುಕೊಂಡರು ಜೊತೆಗಿದ್ದವರು. ನಾನು ಅತ್ತದ್ದು ಉರಿಯಾದರೂ ಗೊತ್ತಾಯಿತಲ್ಲ ಅಂತ. ಕಾಲು ಅಲ್ಲಾಡಿತು.

ಕೈ ಅಲ್ಲಾಡಲಿಲ್ಲ.

ಆಸ್ಪತ್ರೆಯಲ್ಲಿ ಸಿ.ಟಿ., ಎಂ.ಆರ್.ಐ., ಕುತ್ತಿಗೆಗೆ ಕಾಲರ್. ಅಪ್ಪ ಅಮ್ಮ ಪ್ಲೇನೋದಿಂದ ಡ್ರೈವ್ ಮಾಡಿಕೊಂಡು ಬಂದರು. ಅಪ್ಪನ ಅಂಗಿಯಲ್ಲಿ ಇನ್ನೂ ಒಗ್ಗರಣೆ ವಾಸನೆ ಇತ್ತು. ಅಮ್ಮ ನನ್ನ ಬೆರಳು ಒಂದೊಂದೇ ಹಿಡಿದು ನೀವುತ್ತಿದ್ದಳು. ಅವಳು ಹಿಡಿದದ್ದು ಕಾಣುತ್ತಿತ್ತು. ಗೊತ್ತಾಗುತ್ತಿರಲಿಲ್ಲ.

ಡಾಕ್ಟರ್ ಬಂದು ಮುಂಚೆ ಯಾವತ್ತಾದರೂ ಹೀಗಾಗಿತ್ತಾ ಅಂತ ಕೇಳಿದರು. ಆಗಿತ್ತು ಅಂದೆ. ಬೇಸಿಗೆಗೆ ಮುಂಚೆ ಪ್ರಾಕ್ಟೀಸಿನಲ್ಲಿ ಬಲ ಭುಜಕ್ಕೆ ಏಟು ಬಿದ್ದಾಗ ಸ್ವಲ್ಪ ಹೊತ್ತು ಜೋಮು ಹಿಡಿದು ಬಿಟ್ಟಿತ್ತು. ಯಾವ ಕೈ ಅಂದರು.

ಎರಡೂ ಅಂದೆ.

ಅವರು ಟೈಪ್ ಮಾಡುವುದನ್ನು ನಿಲ್ಲಿಸಿದರು. ಒಂದು ಕೈಗೆ ಜೋಮು ಹಿಡಿದರೆ ನರ ಎಳೆದಿರುತ್ತದೆ, ಈ ಆಟದಲ್ಲಿ ಅದು ಮಾಮೂಲು, ಸ್ಟಿಂಗರ್ ಅನ್ನುತ್ತಾರೆ. ಎರಡೂ ಕೈಗೆ ಹಿಡಿದರೆ ಏಟು ಬೆನ್ನುಹುರಿಗೇ ಬಿದ್ದಿರಬಹುದು. ಅವತ್ತೇ ಎಂ.ಆರ್.ಐ. ಆಗಬೇಕಿತ್ತು ಅಂದರು.

ಅಮ್ಮ ನನ್ನ ಕೈ ಬಿಟ್ಟಳು. "ಎರಡೂನಾ? ನನ್ ಹತ್ರ ಕೈ ಅಂದ್ಯಲ್ಲೋ."

"ಕೈ ಅಂದ್ರೆ ಕೈ ಅಮ್ಮ. ಕೈ ತೊಳ್ಕೋ ಅಂತೀಯಲ್ಲ, ಒಂದೇ ತೊಳೀತೀನಾ?"



ಬೇಸಿಗೆಗೆ ಮುಂಚೆ ಅವತ್ತು ಆಗಿದ್ದು ಇಷ್ಟು. ಪ್ರಾಕ್ಟೀಸ್ ಮುಗಿಸಿ ವೀಕೆಂಡ್‌ಗೆ ಮನೆಗೆ ಹೋಗಿದ್ದೆ. ಭುಜಕ್ಕೆ ಏಟು ಬಿತ್ತು, ಕೈ ಜೋಮು ಹಿಡಿದಿತ್ತು ಅಂತ ಅಮ್ಮನಿಗೆ ಹೇಳಿದೆ. ನಮ್ಮವರಿಗೆ ಏನಾದರೂ ಆದರೆ ಮೊದಲು ಫೋನ್ ಹೋಗುವುದು ಗೊತ್ತಿರುವ ಕನ್ನಡದ ಡಾಕ್ಟರಿಗೆ. ನಮಗೆ ಅಂಥವರು ಪ್ರಭಾಕರ್ ಅಂಕಲ್, ಹ್ಯೂಸ್ಟನ್ ಹತ್ತಿರ ಕ್ಲಿಯರ್ ಲೇಕ್‌ನಲ್ಲಿರುವವರು, ಅಮ್ಮನ ಊರಿನವರೇ. ನಾನು ಹೇಳಿದ್ದನ್ನೇ ಅಮ್ಮ ಅವರಿಗೆ ಹೇಳಿದಳು. ಬಲ ಭುಜ, ಕೈ ಜೋಮು. ಅವರು ಬಲಗೈ ಅಂದುಕೊಂಡರು. ಯಾರು ತಾನೇ ಅಂದುಕೊಳ್ಳುವುದಿಲ್ಲ? ಸ್ಟಿಂಗರ್ ಅಮ್ಮ, ಹೆದರಬೇಡಿ, ಸ್ವಲ್ಪ ರೆಸ್ಟ್ ಕೊಡಿ ಅಂದರು. ನಾನು ವಾಪಸ್ ಹೋಗಿ ಟ್ರೈನರಿಗೆ ಅದೇ ಹೆಸರು ಹೇಳಿದೆ, ಸ್ಟಿಂಗರ್ ಅಂತೆ, ಡಾಕ್ಟರ್ ಹೇಳಿದರು. ಅವನು ಕುತ್ತಿಗೆ ತಿರುಗಿಸಿ ನೋಡಿದ, ಕೈ ಬಲ ನೋಡಿದ. ಎಲ್ಲ ಸರಿ ಇತ್ತು. ಆಡು ಅಂದ.

ಯಾರೂ ಸುಳ್ಳು ಹೇಳಿರಲಿಲ್ಲ.

ವಿಷಯ ಗೊತ್ತಾದ ಮೇಲೆ ಪ್ರಭಾಕರ್ ಅಂಕಲ್ಲೇ ನನ್ನನ್ನು ಹ್ಯೂಸ್ಟನ್‌ನ ಆಸ್ಪತ್ರೆಯಲ್ಲಿ ಒಬ್ಬ ಬೆನ್ನುಮೂಳೆ ಸರ್ಜನ್ ಹತ್ತಿರ ಸೇರಿಸಿದರು. ಅಂಕಲ್ ನಾನು ಮಲಗಿದ್ದ ರೂಮಿಗೆ ಬಂದು ಕಾಲಿನ ಕಡೆ ನಿಂತರು. ಕುರ್ಚಿ ಇತ್ತು, ಕೂರಲಿಲ್ಲ.

"ನಾನು ಕೇಳ್ಬೇಕಿತ್ತು ಕಣಪ್ಪ. ಯಾವ ಕೈ ಅಂತ."

ಬಿಡಿ ಅಂಕಲ್ ಅಂದೆ. ಇನ್ನೇನು ಹೇಳಲಿ. ಅವರ ಮೇಲೆ ಸಿಟ್ಟು ಮಾಡಿಕೊಳ್ಳುವಷ್ಟು ಜಾಗವೂ ನನ್ನಲ್ಲಿ ಇರಲಿಲ್ಲ. ಪೂರ್ತಿ ಹೆದರಿಕೆಯೇ ತುಂಬಿತ್ತು.

ಸರ್ಜನ್ ಫಿಲ್ಮ್ ತೋರಿಸಿದರು. ಬೆನ್ನುಹುರಿ ಇಳಿಯುವ ದಾರಿ ನನಗೆ ಹುಟ್ಟಿನಿಂದಲೇ ಕಿರಿದು. ಸಾಲದ್ದಕ್ಕೆ ಕುತ್ತಿಗೆ ಮೂಳೆಗಳ ನಡುವಿನ ಒಂದು ಡಿಸ್ಕ್ ಒಳಗೆ ತಳ್ಳಿಕೊಂಡಿದೆ. ಗಂಟಲ ಕಡೆಯಿಂದ ಹೋಗಿ ಅದನ್ನು ತೆಗೆದು ಪ್ಲೇಟ್ ಹಾಕುತ್ತೇವೆ ಅಂದರು. ಮತ್ತೆ ಆಡಬಹುದಾ ಅಂತ ಕೇಳಿದೆ.

ಆಡಬಹುದು, ಒಂದು ಸಲ ಅಂದರು. ನಗಲಿಲ್ಲ. ಇನ್ನೊಂದು ಏಟಿಗೆ ಉಸಿರಾಡಲೂ ಮೆಷಿನ್ ಬೇಕಾಗಬಹುದು ಅಂದರು.

ಅಪ್ಪ ಕಿಟಕಿ ಕಡೆ ನೋಡುತ್ತಾ ಅಂದ, "ಓದೂ ಇಲ್ಲ, ಈಗ ಆಟಾನೂ ಇಲ್ಲ. ಏನ್ ಮಾಡ್ತೀಯೋ?"

"ಮೊದ್ಲು ಅನ್ನ ಕಲ್ಸ್ಕೊಂಡು ತಿನ್ಲಿ ಸುಮ್ನಿರಿ," ಅಂದಳು ಅಮ್ಮ.

ಆಪರೇಷನ್ನಿಗೆ ತಳ್ಳಿಕೊಂಡು ಹೋಗುವಾಗ ಕಾಲ್ಬೆರಳು ಆಡಿಸುತ್ತಲೇ ಇದ್ದೆ. ನಿಲ್ಲಿಸಿದರೆ ಮತ್ತೆ ಬರುವುದಿಲ್ಲ ಅನ್ನಿಸುತ್ತಿತ್ತು. ಎಚ್ಚರವಾದಾಗ ಮೊದಲು ಆಡಿಸಿದ್ದೂ ಅದನ್ನೇ. ಆಡಿತು. ಕೈಗೆ ಬಹಳ ದಿನ ಹಿಡಿಯಿತು. ಥೆರಪಿಯವಳು ಬಟ್ಟೆ ಕ್ಲಿಪ್ ಕೊಟ್ಟು ಒತ್ತು ಅನ್ನುವಳು. ಅಷ್ಟು ದೊಡ್ಡ ಆಳುಗಳನ್ನು ಕೆಡವಿದವನು ಒಂದು ಕ್ಲಿಪ್ ಒತ್ತಲಾರದೆ ಬೆವೆತುಹೋಗುತ್ತಿದ್ದೆ.

ಈಗ ಅನ್ನ ಕಲಸಿಕೊಳ್ಳುತ್ತೇನೆ. ಅಂಗಿ ಗುಂಡಿ ಹಾಕಿಕೊಳ್ಳುತ್ತೇನೆ. ಎಡಗೈಯ ಎರಡು ಬೆರಳಿಗೆ ಇನ್ನೂ ಬಿಸಿ ತಣ್ಣಗೆ ಗೊತ್ತಾಗುವುದಿಲ್ಲ. ಹೆದರಿಕೆ ಹೋಗಿಲ್ಲ. ಫ್ರೀವೇಯಲ್ಲಿ ಮುಂದಿನ ಕಾರು ಬ್ರೇಕ್ ಹಾಕಿದರೆ ಕುತ್ತಿಗೆ ಕಲ್ಲಾಗುತ್ತದೆ. ಕಾಲೇಜು ಬಿಟ್ಟೆ. ಅಪ್ಪ ಅಡುಗೆ ಮಾಡುವ ಹೋಟೆಲಿನಲ್ಲೇ ಕ್ಯಾಶ್‌ನಲ್ಲಿ ಕೂರುತ್ತೇನೆ, ಭಾರ ಎತ್ತುವ ಹಾಗಿಲ್ಲ.

ಮೊನ್ನೆ ಟೀಮಿನ ಹುಡುಗರು ಕರೆದರು ಅಂತ ಆಸ್ಟಿನ್‌ಗೆ ಮ್ಯಾಚ್ ನೋಡಲು ಹೋದೆ. ಪಾರ್ಕಿಂಗ್‌ನಲ್ಲಿ ಇಳಿದೆ. ಮೈದಾನದ ಗೋಡೆಯ ಆಚೆ ಇಬ್ಬರು ಡಿಕ್ಕಿ ಹೊಡೆದುಕೊಂಡ ಸದ್ದು ಕೇಳಿಸಿತು. ನನಗೆ ಬಹಳ ಇಷ್ಟವಿದ್ದ ಸದ್ದು. ಬಿದ್ದವನು ಎದ್ದನಾ ಇಲ್ಲವಾ ಅಂತ ತಿಳಿಯುವವರೆಗೂ ಅಲ್ಲೇ ನಿಂತಿದ್ದೆ. ಜನ ಕೂಗಿದರು, ಎದ್ದಿರಬೇಕು. ಒಳಗೆ ಹೋಗಲಿಲ್ಲ. ಕಾರಿಗೆ ನಡೆದುಕೊಂಡು ವಾಪಸ್ ಬಂದೆ. ನಡೆದುಕೊಂಡು.

ಅಷ್ಟೇ. ಇನ್ನು ನನ್ನ ಹತ್ತಿರ ಹೇಳುವಂಥದ್ದು ಏನೂ ಇಲ್ಲ.