ತೂಕಕ್ಕೆ ತೂಕ

ಹಳೇ ಹುಬ್ಬಳ್ಳಿಯ ಆ ಓಣಿಯಲ್ಲಿ ಶಾಯಿಸ್ತಾಳನ್ನು ಹೆಸರು ಹಿಡಿದು ಕೇಳುವವರು ಕಡಿಮೆ. ಬ್ಲೌಸಿಗೆ ಆರಿ ವರ್ಕ್ ಮಾಡುವಾಕೆ ಎಂದರೆ ಸಾಕು, ಯಾರಾದರೂ ಮನೆ ತೋರಿಸುತ್ತಾರೆ. ಮದುವೆಯ ಸೀಸನ್ನಿನಲ್ಲಿ ಅವಳಿಗೆ ತಲೆ ಎತ್ತಲು ಪುರಸತ್ತು ಇರುವುದಿಲ್ಲ. ಊರಿನ ಮದುವಣಗಿತ್ತಿಯರ ತೋಳಿಗೆಲ್ಲ ಮುತ್ತು ಹೊಲಿಯುವ ಅವಳಿಗೆ ತನ್ನ ಮದುವೆಯಿಂದ ಉಳಿದದ್ದು ಒಂದು ಕೋರ್ಟ್ ಕೇಸು.

ಅಪ್ಪ ಅಹಮದಸಾಬ ಗೋಕುಲ ರಸ್ತೆಯಲ್ಲಿ ಲಾರಿಗಳ ರೇಡಿಯೇಟರ್ ರಿಪೇರಿ ಮಾಡುತ್ತಿದ್ದ. ಒಬ್ಬಳೇ ಮಗಳು. ಊರಾಚೆ ತೆಗೆದಿಟ್ಟಿದ್ದ ಪ್ಲಾಟು ಮಾರಿ ಅವಳಿಗೆ ಎಂಟು ತೊಲೆ ಬಂಗಾರ ಹಾಕಿದ. ನೆಕ್ಲೆಸ್ಸು, ಝುಮಕಿ, ಬಳೆ ಎಲ್ಲವೂ ಹೊಸ ಮಾದರಿಯವು, ಶಾಯಿಸ್ತಾ ತಾನೇ ಅಂಗಡಿಯಲ್ಲಿ ಕೂತು ಆರಿಸಿದವು. ಅಳಿಯ ಜುಲ್ಫಿಕಾರನಿಗೆ ಟೈಲ್ಸ್ ಅಂಗಡಿ. ನೋಡಲು ಚೆಂದ, ಮಾತು ಬೆಣ್ಣೆ. ಮದುವೆಯಾದ ಮರುತಿಂಗಳೇ ಅತ್ತೆ ಬಂಗಾರವನ್ನು 'ಜೋಪಾನಕ್ಕೆ' ತನ್ನ ಕಪಾಟಿನಲ್ಲಿ ಇಟ್ಟುಕೊಂಡಳು. ಮೂರು ವರ್ಷವಾದರೂ ಮಕ್ಕಳಾಗಲಿಲ್ಲ. ತಲಾಖ್ ಆಯಿತು. ಬಟ್ಟೆಯ ಎರಡು ಚೀಲ ಹಿಡಿದು ಹೊರಗೆ ನಿಂತ ಶಾಯಿಸ್ತಾ ಬಂಗಾರ ಕೇಳಿದಾಗ ಅತ್ತೆ, "ಯಾವ ಬಂಗಾರ?" ಎಂದಳು. ಜುಲ್ಫಿಕಾರ ಫೋನು ನೋಡುತ್ತ ಕೂತಿದ್ದ.

ಧಾರವಾಡದ ಸಪ್ತಾಪುರದಲ್ಲಿ ಮನೆಯಿದ್ದ ಚಿನ್ಮಯೀ ಎಂಬ ವಕೀಲೆ ಕೇಸು ಹಿಡಿದರು. "ಮದವ್ಯಾಗ ನಿಮಗ ಕೊಟ್ಟದ್ದು ನಿಮ್ದ. ಕಾನೂನು ನಿಮ್ಮ ಕಡೆ ಅದ. ಆದ್ರ ತಾಳ್ಮಿ ಬೇಕು ನೋಡ್ರಿ," ಎಂದರು.

ತಾಳ್ಮೆಯೇನೋ ಶಾಯಿಸ್ತಾಳ ಕಸುಬೇ ಆಗಿತ್ತು. ಸೋತು ಹೋದವನು ಅಪ್ಪ. ಸಾಕ್ಷಿಕಟ್ಟೆಯಲ್ಲಿ ಅವನನ್ನು ನಿಲ್ಲಿಸಿ ಎದುರು ವಕೀಲ ಕೇಳಿದ:

"ಬೆಸಿಗಿ ಹಾಕೋ ಮನಷಾ ನೀನು. ಎಂಟು ತೊಲಿ ಎಲ್ಲಿಂದ ತಂದಿ?"

"ಪ್ಲಾಟ್ ಮಾರೇನ್ರಿ."

"ನೀ ಮಗಳಿಗೆ ಹಾಕಿದ್ದು ಬರೇ ಗಿಲೀಟು ಅಂತ ನಾ ಹೇಳ್ತೇನಿ. ಏನಂತಿ?"

ನ್ಯಾಯಾಧೀಶರು ಎರಡು ಸಲ ಕೇಳಿದ ಮೇಲೆ ಅಹಮದಸಾಬ "ಖರೇ ಬಂಗಾರಾರಿ" ಎಂದ, ಅಷ್ಟೇ. ಅವತ್ತು ಮನೆಗೆ ಬಂದವನು ಊಟಕ್ಕೆ ಕೂರಲಿಲ್ಲ. "ಗಿಲೀಟು ಅಂದ್ರಲ್ಲ ಬೇಟಾ, ಅಷ್ಟು ಮಂದಿ ಮುಂದ," ಎಂದು ಅದನ್ನೇ ಮತ್ತೆ ಮತ್ತೆ ಹೇಳಿದ. ಆ ಚಳಿಗಾಲದಲ್ಲಿ ಅವನಿಗೆ ಲಕ್ವಾ ಹೊಡೆಯಿತು. ಬಲಗೈ ಬಿದ್ದುಹೋಯಿತು, ಅಂಗಡಿಯ ಬಾಗಿಲು ಮುಚ್ಚಿತು. ಅಪ್ಪನ ಔಷಧಿಯಿಂದ ಹಿಡಿದು ಒಲೆಯ ಮೇಲಿನ ಗಡಿಗೆಯವರೆಗೆ ಎಲ್ಲವೂ ಶಾಯಿಸ್ತಾಳ ಸೂಜಿಯ ಮೇಲೆ ಬಂತು.

ಕೊನೆಗೆ ಕೋರ್ಟು ಅವಳ ಮಾತು ನಂಬಿತು. ಎಂಟು ತೊಲೆ ಬಂಗಾರ, ಇಲ್ಲವೆ ಅದರ ಇವತ್ತಿನ ಬೆಲೆ ಕೊಡಬೇಕೆಂದು ಆದೇಶವಾಯಿತು. ಜುಲ್ಫಿಕಾರ ಮೇಲಿನ ಕೋರ್ಟಿಗೆ ಹೋದ, ಅಲ್ಲೂ ಸೋತ. ಆದರೂ ಕೊಡಲಿಲ್ಲ. ವಾರಂಟು ಹೊರಟಿತೆಂದು ಗೊತ್ತಾದಾಗ ಮಾತ್ರ ಒಂದು ಮುಂಜಾನೆ ಕೆಂಪು ಬಟ್ಟೆಯ ಗಂಟು ಹಿಡಿದು ಕೋರ್ಟಿಗೆ ಬಂದ. ಹಿಂದೆ ಅವನ ಎರಡನೆಯ ಹೆಂಡತಿ ಜರೀನಾ. ಕಲಘಟಗಿ ಕಡೆಯ ಹಳ್ಳಿಯ ಹುಡುಗಿ, ತುಂಬು ಬಸುರಿ. ಅವಳನ್ನು ಏಕೆ ಕರೆತಂದಿದ್ದನೋ. ಬಹುಶಃ ನ್ಯಾಯಾಧೀಶರಿಗೆ ಕನಿಕರ ಬರಲೆಂದು.

ಕೋರ್ಟು ಕರೆಸಿದ್ದ ಅಕ್ಕಸಾಲಿಗ ಗಂಟು ಬಿಚ್ಚಿ ತಕ್ಕಡಿಗೆ ಹಾಕಿದ. ಒಂದು ಬೋರಮಾಳ, ಒಂದು ಜೋಡಿ ಪಾಟ್ಲಿ ಬಳೆ, ಸವೆದ ಎರಡು ಉಂಗುರ.

ಶಾಯಿಸ್ತಾ ಕಣ್ಣು ಕೀಲಿಸಿ ನೋಡಿದಳು. ಯಾವುದೂ ಅವಳದಲ್ಲ. ಬೋರಮಾಳವೆಂದರೆ ಹಳ್ಳಿಯ ಅಜ್ಜಿಯರು ಹಾಕುವ ಗುಂಡಿನ ಸರ. ಗುಂಡುಗಳು ನಾಲ್ಕೈದು ಕಡೆ ನೆಗ್ಗಿದ್ದವು. ಅವಳು ತಲೆ ಎತ್ತಿದಾಗ ಗೋಡೆಗೆ ಒರಗಿ ನಿಂತಿದ್ದ ಜರೀನಾ ಸೆರಗನ್ನು ಕೊರಳಿನ ಸುತ್ತ ಎಳೆದುಕೊಂಡಳು. ಎರಡೂ ಕೈಯಲ್ಲಿ ಗಾಜಿನ ಬಳೆ ಮಾತ್ರ ಇದ್ದವು.

"ಮೇಡಂ, ಇದು ನನ್ದಲ್ರಿ," ಶಾಯಿಸ್ತಾ ವಕೀಲೆಯ ಕಿವಿಯಲ್ಲಿ ಹೇಳಿದಳು. "ಆಕೀದು."

ಚಿನ್ಮಯೀ ಜರೀನಾಳ ಕಡೆ ಒಮ್ಮೆ ನೋಡಿದರು. "ನಿಮ್ದು ಆತ ಯಾವಾಗೋ ಮಾರ್ಯಾನ. ಇದನ್ನ ಬ್ಯಾಡ ಅಂದ್ರ ಮತ್ತ ಎಷ್ಟು ವರ್ಷ ತಿರಗ್ತೀರಿ? ತೂಕ ಬರೋಬ್ಬರಿ ಅದ. ನಿಮ್ಮ ತಂದಿ ಮುಖ ನೋಡ್ರಿ, ಸಹಿ ಮಾಡ್ರಿ."

ಅಪ್ಪ ಹೊರಗೆ ಬೆಂಚಿನ ಮೇಲೆ ವಾರೆಯಾಗಿ ಕೂತಿದ್ದ. ಬಾಯಿಂದ ಇಳಿದ ಜೊಲ್ಲನ್ನು ಅಮ್ಮ ಮದೀನಾಬಿ ಒರೆಸುತ್ತಿದ್ದಳು. ಶಾಯಿಸ್ತಾ ಸಹಿ ಮಾಡಿದಳು. ಗಂಟನ್ನು ಹಾಗೆಯೇ ದುರ್ಗದಬೈಲಿನ ಬಂಗಾರದ ಅಂಗಡಿಗೆ ಒಯ್ದು ಮಾರಿಬಿಟ್ಟಳು, ಮನೆಯೊಳಗೆ ಒಂದು ರಾತ್ರಿಯೂ ಇಟ್ಟುಕೊಳ್ಳಲಿಲ್ಲ. ಅಂಗಡಿಯವನು ಅವಳ ಎದುರೇ ಬೋರಮಾಳದ ದಾರ ಕತ್ತರಿಸಿ, ಗುಂಡುಗಳನ್ನು ಕರಗಿಸಲು ಒಳಗೆ ಕಳಿಸಿದ. ಬಂದ ದುಡ್ಡಿನಲ್ಲಿ ಅಪ್ಪನಿಗೆ ಒಳ್ಳೆಯ ಡಾಕ್ಟರನ್ನು ಹಿಡಿದಳು. ಬಿದ್ದ ಕೈ ಏಳಲಿಲ್ಲ. ಕೋಲು ಊರಿ ಬಾಗಿಲವರೆಗೆ ನಡೆಯುವಂತಾದ.

ಮಳೆಗಾಲ ಮುಗಿದ ಮೇಲೆ ಒಂದು ಮಧ್ಯಾಹ್ನ ಜರೀನಾ ಬಂದಳು. ಕಂಕುಳಲ್ಲಿ ಹೆಣ್ಣು ಕೂಸು.

"ತೊಂದ್ರಿ ಕೊಡಾಕ ಬಂದಿಲ್ಲ ಆಪಾ," ಎಂದಳು ಹೊಸ್ತಿಲಲ್ಲೇ ನಿಂತು. "ಆ ಬೋರಮಾಳ ನಮ್ಮ ನಾನೀದು. ಆಕಿ ಹ್ವಾದ ವಾರ ತೀರಕೊಂಡ್ಳು. ಒಂದ್ಸಲ ಕೈಯಾಗ ಹಿಡದು ನೋಡಿ ಕೊಟ್ಟುಬಿಡ್ತೇನಿ."

ಶಾಯಿಸ್ತಾಳ ಕೈಯಲ್ಲಿದ್ದ ಸೂಜಿ ನಿಂತಿತು. "ಇಲ್ಲ ತಂಗಿ. ಮಾರಿದೆ. ಕರಗಿಸಿಬಿಟ್ರು."

ಜರೀನಾ ಅಲ್ಲೇ ಕೂತಳು. ಶಾಯಿಸ್ತಾ ಚಹಾ ಮಾಡಿ ತಂದು ಮುಂದಿಟ್ಟಳು. ಕೂಸು ಕಸೂತಿಯ ಚೌಕಟ್ಟಿಗೆ ಬಿಗಿದಿದ್ದ ಮಿಣುಕು ಬಟ್ಟೆಯನ್ನೇ ನೋಡುತ್ತಿತ್ತು.

"ಒಂದು ಮಾತು ಕೇಳ್ಲೇನು? ಅವತ್ತ ನಿಮಗ ಗೊತ್ತಿತ್ತಾ, ನಿಮ್ದಲ್ಲಂತ?" ಜರೀನಾ ಕೇಳಿದಳು.

ಇಲ್ಲವೆಂದರೆ ಅಲ್ಲಿಗೆ ಮುಗಿಯುತ್ತಿತ್ತು. "ಗೊತ್ತಿತ್ತು," ಎಂದಳು ಶಾಯಿಸ್ತಾ. ಆಮೇಲೆ ತಡೆಯಲಾರದೆ, "ನೀನೂ ಕೇಸ್ ಹಾಕವಾ. ನಿಂದೇ ಅಂತ ನಾ ಬಂದು ಸಾಕ್ಷಿ ಹೇಳ್ತೇನಿ," ಎಂದಳು.

ಜರೀನಾ ಅವಳನ್ನು ನೋಡಿದಳು. ಆ ನೋಟದಲ್ಲಿ ಸಿಟ್ಟಾದರೂ ಇದ್ದಿದ್ದರೆ ಶಾಯಿಸ್ತಾಳಿಗೆ ಹಗುರಾಗುತ್ತಿತ್ತು. ಸಿಟ್ಟಿರಲಿಲ್ಲ.

"ನಾ ಇನ್ನೂ ಆ ಮನ್ಯಾಗ ಇರಾಕಿ ಆಪಾ," ಎಂದು ಎದ್ದಳು. "ಅವ್ರು ಬರೂದ್ರಾಗ ಹೋಗಬೇಕು."

ಚಹಾದ ಮೇಲೆ ಕೆನೆ ಕಟ್ಟಿತ್ತು. ಒಳಗಿನಿಂದ ಮದೀನಾಬಿ ಬಂದು, ಯಾರು ಬಂದಿದ್ದರೆಂದು ಕೇಳಿದಳು. ಶಾಯಿಸ್ತಾ ಹೇಳಿದಳು.

"ಆಕಿಗೇನು ಬೇಕಂತ ಇಲ್ಲಿ?" ಮದೀನಾಬಿಯ ದನಿ ಏರಿತು. "ನಮ್ದು ನಮಗ ಬಂದೈತಿ. ಯಾರಪ್ಪನ ಮನೀದೂ ತಂದಿಲ್ಲ ನಾವು."

ಶಾಯಿಸ್ತಾ ಸೂಜಿಗೆ ಮುತ್ತು ಪೋಣಿಸಲು ನೋಡಿದಳು. ಪೋಣಿಸಲಾಗಲಿಲ್ಲ. ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟು, ಅಪ್ಪನಿಗೆ ಮಾತ್ರೆ ಕೊಡುವ ಹೊತ್ತಾಯಿತೆಂದು ಎದ್ದು ಒಳಗೆ ಹೋದಳು.